ರಾಜಿ ಮಾಡಿಸಿದ ಡಿಜೆ ಕಾಕಾ

ಎಡಗಿವಿಯ ಮೇಲೆ ಹೆಡ್‌ಫೋನು, ಬಲಗಿವಿಯ ಮಡಿಕೆಯಲ್ಲಿ ಖುಲ್ತಾಬಾದಿನ ಅತ್ತರು ಹಚ್ಚಿದ ಹತ್ತಿ. ಮರಾಠಿ ಸೀಮೆಯ ವಾಳೂಜಿನ ನಮ್ಮ ಓಣಿಗೆ ಡಿಜೆ ಕಾಕಾ ಬಂದರೆ ಮೊದಲು ಅತ್ತರು ಬರುತ್ತಿತ್ತು, ಆಮೇಲೆ ಸದ್ದು, ಕಡೆಗೆ ಆ ಮನುಷ್ಯ. ಅವರೂ ನಮ್ಮಂತೆ ಕಲಬುರಗಿ ಕಡೆಯವರು. ವಾರವೆಲ್ಲ ಕಾರ್ಖಾನೆ, ರಜೆಯ ದಿನ ಮದುವೆಗಳಲ್ಲಿ ಡಿಜೆ.

ಅವರಿಗೆ ಅಮೆರಿಕದ ಹಳೆಯ ರ‍್ಯಾಪ್ ಹಾಡುಗಳ ಹುಚ್ಚು. ಇಂಗ್ಲಿಷು ಮಾತ್ರ ಬಾರದು. “ಅರ್ಥ ಯಾಕ ಬೇಕವಾ? ಆ ಮನಷ್ಯಾ ಎದಿಮ್ಯಾಲ ಕೈ ಇಟ್ಟು ಮಾತಾಡ್ಲಿಕತ್ತಾನ, ಅಷ್ಟು ತಿಳೀತದಲ್ಲ,” ಎನ್ನುತ್ತಿದ್ದರು. ಆದರೆ ಮೆರವಣಿಗೆಯಲ್ಲಿ ಅಂಥ ನಿಧಾನದ ಹಾಡು ಹಚ್ಚಿದರೆ ಕುಣಿಯುವ ಹುಡುಗರು ನಿಂತೇಬಿಡುತ್ತಿದ್ದರು. “ಕಾಕಾ, ಹೇ ಕಾಯ್? ಬದಲಾ ನಾ!” ಎಂದು ಮರಾಠಿಯಲ್ಲಿ ಕೂಗಿ ಹಾಡು ಬದಲಿಸಲು ಹೇಳುತ್ತಿದ್ದರು.

ನಮ್ಮ ಮನೆಯಲ್ಲಂತೂ ಡಿಜೆ ಎಂಬ ಮಾತನ್ನೇ ಎತ್ತುವಂತಿರಲಿಲ್ಲ. ಅಪ್ಪ ಮನೆ ಕಟ್ಟುವ ಗೌಂಡಿ ಕೆಲಸದವರು. ಊರು ಬಿಡುವಾಗ ಹೆಗಲಿಗೆ ಹಾಕಿಕೊಂಡು ಬಂದದ್ದು ಹಲಗಿ. ಮೊದಲೆಲ್ಲ ಮದುವೆಯೆಂದರೆ ಬಾರಿಸಲು ಅವರಿಗೇ ಕರೆ. ಡಿಜೆ ಬಂದ ಮೇಲೆ ಕರೆಯುವವರೇ ಇಲ್ಲ. ಹಲಗಿ ಗೋಡೆ ಸೇರಿತು, ಅಪ್ಪನ ಮಾತೂ ನಿಂತುಹೋಯಿತು.

ಒಂದು ರವಿವಾರ ಕಾಕಾ ಲ್ಯಾಪ್‌ಟಾಪನ್ನು ಬಗಲಲ್ಲಿಟ್ಟುಕೊಂಡು ನೇರ ನಮ್ಮ ಮನೆಗೇ ಬಂದರು. ಬಂದವರೇ ತಮ್ಮ ಹಳೆಯ ಹಾಡು ಹಚ್ಚಿದರು. ಅಪ್ಪ ಮುಖ ಗಂಟಿಕ್ಕಿದರು.

“ಇದೇನು ಹಾಡೋ? ಜಗಳಾಡಿದಂಗ ಕೇಳಸ್ತದ.”

“ಜಗಳಾನೇ ಅಣ್ಣಾ. ನೀವು ಹಲಗಿ ಬಾರಸ್ರಿ, ರಾಜಿ ಆಗ್ತದ.”

ಅವ್ವ ಫಕ್ಕನೆ ನಕ್ಕಳು. ಸಾಕಷ್ಟು ಬಿಗುಮಾನ ತೋರಿಸಿದ ಮೇಲೆ ಅಪ್ಪ ಹಲಗಿ ಇಳಿಸಿ ಬೆಂಕಿಗೆ ಹಿಡಿದು ಕಾಯಿಸಿದರು. ಹಲಗಿಯ ವೇಗಕ್ಕೆ ಹಾಡನ್ನು ಓಡಿಸಿದರೆ ದನಿ ಇಲಿ ಚೀರಿದ ಹಾಗಾಗುತ್ತದೆಂದು ಕಾಕಾ ಅದನ್ನು ಮುಟ್ಟಲಿಲ್ಲ. “ಮಾತು ತನ್ನ ನಡಿಗಿಲೇ ನಡೀಲಿ. ಅದರ ಕೆಳಗ ನಿಮ್ಮ ಹಲಗಿ ಓಡ್ಲಿ,” ಎಂದು ರೆಕಾರ್ಡಿಗೆ ಹಾಕಿಕೊಂಡರು. ಕೈಗೆ ಕಾವೇರಿದಾಗ ಅಪ್ಪ ಮೈಮರೆತು “ಹೂಂ, ಹೊಡಿ ಮಗನಾ!” ಎಂದು ಕೂಗಿದರು. ಆಮೇಲೆ ನಾಚಿಕೊಂಡು, ಅದನ್ನು ತೆಗೆದುಹಾಕು ಎಂದರು.

“ಅದನ್ನ ತಗದ್ರ ಉಳಿಯೋದು ಬರೇ ಸದ್ದು ಅಣ್ಣಾ.”

ಮುಂದಿನ ಮದುವೆಯಲ್ಲಿ ಅದೇ ಹಾಡಿಗೆ ಅದೇ ಹುಡುಗರು ಧೂಳೆಬ್ಬಿಸಿದರು. ಡಿಜೆ ಗಾಡಿಯ ಮುಂದೆ ಅಪ್ಪ, ಹೆಗಲಲ್ಲಿ ಹಲಗಿ. ಅಂದಿನಿಂದ ಕಾಕಾ ಎಲ್ಲಿಗೆ ಹೋದರೂ ಒಂದೇ ಕರಾರು: “ಡಿಜೆ ಬೇಕಂದ್ರ ಹಲಗಿನೂ ಬರ್ತದ.” ಕೈ ಆಡುವವರೆಗೂ ಅಪ್ಪ ಬಾರಿಸಿದರು, ಮನೆಯಲ್ಲಿ ಮತ್ತೆ ಜೋರಾಗಿ ಮಾತಾಡಿದರು. ಕಾಕಾ ನಮಗೆ ಕೊಟ್ಟದ್ದು ಇದು.

ನಾನೀಗ ನಾಸಿಕದ ಸೊಸೆ. ಅಪ್ಪ ಹೋಗಿ ಎರಡು ವರ್ಷವಾಯಿತು. ಮೊನ್ನೆ ಸಂಜೆ ನಮ್ಮ ಬಾಲ್ಕನಿಯ ಕೆಳಗೆ ಯಾರದೋ ಮೆರವಣಿಗೆ, ಯಾರದೋ ಡಿಜೆ. ಕಾಕಾ ರೆಕಾರ್ಡು ಮಾಡಿದ ಆ ಹಾಡು, ಡಿಜೆಗಳ ಕೈಯಿಂದ ಕೈಗೆ ದಾಟುತ್ತ, ಇಲ್ಲಿಗೂ ಬಂತು. ಹಲಗಿ ಓಡುತ್ತಿದ್ದ ಹಾಗೆ ನಡುವೆ ಅಪ್ಪನ ದನಿ: “ಹೂಂ, ಹೊಡಿ ಮಗನಾ!” ಕನ್ನಡ ತಿಳಿದರೂ ಆಡಲು ಬಾರದ ನನ್ನ ಮಗಳು ಅಜ್ಜನ ದನಿ ಗುರುತಿಸಿ ಜಿಗಿದಳು. “ಆಯಿ, ಆಜೋಬಾ!”

ತಡೆಯಲಾಗದೆ ಕಾಕಾ ಅವರಿಗೆ ಫೋನು ಹಚ್ಚಿ, ಆ ಹಾಡನ್ನೇ ಕೇಳಿಸಿದೆ.

“ಅಳ್ಲಿಕತ್ತೀಯೇನವಾ?” ಎಂದರು. “ಅಣ್ಣಾ ಹೊಡಿ ಅಂದಾರ, ಅಳು ಅಂದಿಲ್ಲ. ಹೋಗು, ಕುಣಿ.”

ಮಗಳ ಕೈ ಹಿಡಿದುಕೊಂಡು ಕೆಳಗಿಳಿದೆ.