ಬಲಕ್ಕೂ ಬೀಳಲಿಲ್ಲ, ಎಡಕ್ಕೂ ಬೀಳಲಿಲ್ಲ

ನನ್ನ ಯಜಮಾನರಿಗೆ ವಾರಕ್ಕೆ ಎರಡು ಸಲ ಡಯಾಲಿಸಿಸ್. ಭದ್ರಾವತಿ ಓಲ್ಡ್ ಟೌನಿನ ನಮ್ಮ ಮನೆಯಿಂದ ರಸ್ತೆಗೆ ಇರುವುದು ಒಂದೇ ಓಣಿ. ಕಳೆದ ವರ್ಷ ಪಕ್ಕದ ಮನೆಯವರು ಓಣಿ ತಮ್ಮದೆಂದು ಅರ್ಧಕ್ಕೆ ಗೋಡೆ ಕಟ್ಟಿದರು. ಗಾಲಿಕುರ್ಚಿ ತಳ್ಳುವಾಗ ನನ್ನ ಬೆರಳ ಗೆಣ್ಣು ತರಚುತ್ತಿತ್ತು. ಉಳಿದರ್ಧ ಮುಚ್ಚಲು ಇಟ್ಟಿಗೆಯೂ ಬಂದಿತ್ತು.

ಭದ್ರಾವತಿ ಕೋರ್ಟಿನಲ್ಲಿ ಕೇಸು ಹಾಕಿದೆವು. ಕೇಸು ಮುಗಿಯುವವರೆಗೆ ಗೋಡೆಗೆ ತಡೆ ಕೊಡಿ ಎಂದರೆ ಕೊಡಲಿಲ್ಲ. ತಡೆಗಾಗಿ ಶಿವಮೊಗ್ಗದ ಕೋರ್ಟಿಗೆ ಅರ್ಜಿ ಹಾಕಿದೆವು. ಬಸ್ಸಿನಲ್ಲಿ ಹೋಗುವುದು, ಮುಂದಿನ ವಾಯ್ದೆ ಬರೆದುಕೊಂಡು ಬರುವುದು. ಗೆದ್ದವನು ಸೋತ, ಸೋತವನು ಸತ್ತ ಎಂಬ ಮಾತು ಸುಳ್ಳಲ್ಲ.

ಬೇಸತ್ತು ನಮ್ಮ ಬೀದಿಯ ಅಮ್ಮನ ಗುಡಿಯಲ್ಲಿ ಹೂವಿನ ಪ್ರಸಾದ ಕೇಳಿದೆ. "ಶಿವಮೊಗ್ಗದ ಅರ್ಜಿ ಗೆದ್ದರೆ ಬಲಕ್ಕೆ ಕೊಡು ತಾಯಿ, ಸೋತರೆ ಎಡಕ್ಕೆ." ಒಂದು ಗಂಟೆ ಕೂತೆ. ಒಂದು ಎಸಳೂ ಬೀಳಲಿಲ್ಲ. "ಅಮ್ಮ ಕೊಡ್ತಿಲ್ಲ ಕಣಮ್ಮ, ಇನ್ನೊಂದಿನ ಬಾ," ಎಂದರು ಪೂಜಾರಿ.

ಮನೆಯಲ್ಲಿ ಹೇಳಿದರೆ ಯಜಮಾನರು ನಕ್ಕರು. "ಅಮ್ಮನೂ ವಾಯ್ದೆ ಕೊಟ್ಳು ಬಿಡೇ ಮಾರಾಯ್ತಿ!" ನನಗೆ ನಗು ಬರಲಿಲ್ಲ. ಸಿಟ್ಟಿನಿಂದ ಗುಡಿಗೆ ಹೋಗುವುದನ್ನೇ ಬಿಟ್ಟೆ.

ಭದ್ರಾವತಿಯಲ್ಲಿ ತೀರ್ಪಿನ ದಿನ ಯಜಮಾನರಿಗೆ ಉಸಿರು ಕಟ್ಟಿ ನಾನು ಆಸ್ಪತ್ರೆಯಲ್ಲಿದ್ದೆ, ಫೋನು ಸತ್ತಿತ್ತು. ಮರುದಿನ ಶಿವಮೊಗ್ಗದಲ್ಲಿ ವಾಯ್ದೆ. ಅವರನ್ನು ನಾದಿನಿಗೆ ಒಪ್ಪಿಸಿ ನೇರ ಬಸ್ ಹತ್ತಿದೆ. ನಮ್ಮ ಅರ್ಜಿ ಕೂಗಿದರು. ಎರಡೇ ನಿಮಿಷ. "ವಜಾ" ಎಂಬ ಮಾತು ಕಿವಿಗೆ ಬಿತ್ತು. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತು ಗೊಳೋ ಎಂದು ಅತ್ತೆ.

ನಮ್ಮ ವಕೀಲಮ್ಮ ಓಡಿ ಬಂದರು. "ಅಯ್ಯೋ, ಯಾಕಕ್ಕಾ ಅಳ್ತೀರಿ? ನಿನ್ನೆ ಭದ್ರಾವತೀಲಿ ಮೂಲ ಕೇಸೇ ನಿಮ್ಮ ಕಡೆ ಆಗಿದೆ. ಗೋಡೆ ತೆಗೀಬೇಕು ಅಂತ ಆರ್ಡರ್ ಬಂದ್ಮೇಲೆ, ಅಲ್ಲೀವರೆಗೆ ತಡೆ ಕೊಡಿ ಅನ್ನೋ ಈ ಅರ್ಜಿಗೆ ಏನು ಕೆಲಸ?"

"ಹಾಗಾದ್ರೆ ಇಲ್ಲಿ ಗೆದ್ವಾ, ಸೋತ್ವಾ?"

"ಎರಡೂ ಇಲ್ಲ. ಅರ್ಜಿಗೆ ಅರ್ಥನೇ ಉಳೀಲಿಲ್ಲ, ಅಷ್ಟೆ."

ನನಗೆ ಮೈ ಜುಮ್ಮೆಂದಿತು. ಬಲಕ್ಕೂ ಇಲ್ಲ, ಎಡಕ್ಕೂ ಇಲ್ಲ. ಅಮ್ಮ ಅಂದೇ ಹೇಳಿದ್ದಳು. ಕೇಳಬಾರದ್ದನ್ನು ಕೇಳಿ ಅವಳ ಮೇಲೇ ಮುನಿಸಿಕೊಂಡಿದ್ದೆ.

ಪಕ್ಕದವರಿಗೂ ಸಾಕಾಗಿತ್ತೇನೋ, ಅಪೀಲು ಹೋಗದೆ ತಾವೇ ಗೋಡೆ ಕೆಡವಿದರು. ಯಜಮಾನರ ಕಾಯಿಲೆ ಹಾಗೇ ಇದೆ, ನನ್ನ ಆಯಾಸವೂ ಇದೆ. ಆದರೆ ಮುಂದಿನ ಡಯಾಲಿಸಿಸ್‌ಗೆ ಗಾಲಿಕುರ್ಚಿ ಓಣಿಯಲ್ಲಿ ಎಲ್ಲಿಯೂ ತಾಗದೆ ಹೋಯಿತು. ಗುಡಿಯ ಮುಂದೆ ನಿಲ್ಲಿಸಿದೆ. ಪೂಜಾರಿ, "ಹೂ ಕೇಳ್ತೀಯೇನಮ್ಮ?" ಎಂದರು.

"ಬೇಡ," ಎಂದೆ. ತರಚು ಗಾಯ ಮಾಯುತ್ತಿದ್ದ ಕೈಗಳನ್ನು ಮುಗಿದು ಸುಮ್ಮನೆ ನಿಂತೆ.