ಸೋರುವ ಕಾಲುವೆಯ ವಿರುದ್ಧ ನಾನು ಬರೆದ ಅರ್ಜಿ

ಇವತ್ತು ಬೆಳಿಗ್ಗೆ ಅಕ್ಕಿ ತೊಳೆದ ನೀರನ್ನು ಹಿತ್ತಲಿಗೆ ಚೆಲ್ಲಿದೆ. ಒಣಗಿ ಬಾಯಿಬಿಟ್ಟಿದ್ದ ಎರೆ ಮಣ್ಣು ಅದನ್ನು ಗಟಗಟನೆ ಕುಡಿದು ಒಂದು ವಾಸನೆ ಬಿಟ್ಟಿತು. ಮೊದಲ ಮಳೆಯ ವಾಸನೆ ಎಂದುಕೊಳ್ಳಬೇಡಿ, ಅಂಥ ರೊಮ್ಯಾಂಟಿಕ್ ಸಂಗತಿ ಏನಲ್ಲ. ಇದು ನಮ್ಮ ಹಿತ್ತಲಿನ ಹಳೆಯ ವಾಸನೆ: ಹಸಿ ಮಣ್ಣು, ಪುದೀನ, ಸ್ವಲ್ಪ ಕಪ್ಪೆ. ಕಪ್ಪೆಗೂ ವಾಸನೆಯೇ ಎಂದು ಕೇಳುವವರು ಹೊಸಪೇಟೆಯಲ್ಲಿ ಕಾಲುವೆ ಪಕ್ಕ ಸಂಸಾರ ಮಾಡಿದವರಲ್ಲ, ಅಷ್ಟೇ. ಮೂವತ್ತು ವರ್ಷದ ಹಿಂದೆ ಆ ವಾಸನೆ ಇಲ್ಲಿ ದಿನವೂ ಇತ್ತು. ಅದನ್ನು ಕೊಂದವಳು ನಾನೇ. ಒಳ್ಳೆಯ ಇಂಗ್ಲಿಷಿನಲ್ಲಿ ಕೊಂದೆ.

ನಾನು ಕಾನ್ವೆಂಟಿನಲ್ಲಿ ಕಲಿತು, ಅದೇ ಕಾನ್ವೆಂಟಿನಲ್ಲಿ ಸೈನ್ಸ್ ಟೀಚರಾಗಿ ರಿಟೈರಾದವಳು. ನಡುವೆ ಹೊಸದೇನನ್ನೂ ಕಲಿಯುವ ಅಗತ್ಯ ಬೀಳಲಿಲ್ಲ. ನಮ್ಮ ಸಿಸ್ಟರ್ ಬೋರ್ಡಿನ ನಡುವೆ ಒಂದು ಗೆರೆ ಎಳೆಯುತ್ತಿದ್ದರು. ಎಡಕ್ಕೆ ಲಿವಿಂಗ್, ಬಲಕ್ಕೆ ನಾನ್-ಲಿವಿಂಗ್. ಉಸಿರಾಡುವುದು, ಬೆಳೆಯುವುದು, ಮರಿ ಹಾಕುವುದು ಎಡಕ್ಕೆ. ಕಲ್ಲು, ನೀರು, ಮಣ್ಣು, ಬಿಸಿಲು ಬಲಕ್ಕೆ. "ದೇರ್ ಈಸ್ ನೋ ಥರ್ಡ್ ಕಾಲಂ, ಗರ್ಲ್ಸ್!" ದೊಡ್ಡ ಕ್ಲಾಸಿಗೆ ಹೋದಾಗ ಬಯೋಟಿಕ್, ಎಬಯೋಟಿಕ್ ಎಂದು ಹೆಸರು ಬದಲಾಯಿತು, ಗೆರೆ ಅಲ್ಲೇ ಉಳಿಯಿತು. ಮುಂದೆ ನಾನೂ ಮಕ್ಕಳಿಂದ ಎಷ್ಟೋ ಚಾರ್ಟ್ ಬರೆಸಿದೆ. ನೀರಿನಿಂದ ಗಿಡಕ್ಕೆ ಒಂದು ಬಾಣ, ಹುಳದಿಂದ ಕಪ್ಪೆಗೆ ಒಂದು ಬಾಣ. ಆ ಬಾಣ ಹೋಗಿ ಯಾರಿಗೆ ನಾಟುತ್ತದೆ ಎಂದು ಯೋಚಿಸಲಿಲ್ಲ. ಸ್ಕೇಲ್ ಇಟ್ಟು ಎಳೆದಿದ್ದಾರೆಯೇ ಎಂದು ನೋಡಿ ಮಾರ್ಕ್ಸ್ ಹಾಕಿದೆ.

ನಮ್ಮ ಹಿತ್ತಲ ಗೋಡೆಯ ಆಚೆಗೇ ಹಳೆಯ ಕಾಲುವೆ. ಅರಸರ ಕಾಲದ್ದು ಎನ್ನುತ್ತಾರೆ. ಹಂಪಿಯಲ್ಲಿ ಕಲ್ಲಿನ ಮೇಲೆ ಕಲ್ಲಿಟ್ಟ ಕೈಗಳೇ ಇಲ್ಲೂ ಇಟ್ಟಿರಬೇಕು. ಸಿಮೆಂಟು ಕಾಣದ ಆ ಕಲ್ಲುಗಳ ಸಂದಿಯಿಂದ ನೀರು ವರ್ಷದ ಬಹುಪಾಲು ಜಿನುಗುತ್ತಿತ್ತು. ಕಾಲುವೆಯ ಏರಿಗೂ ನಮ್ಮ ಗೋಡೆಗೂ ನಡುವೆ ಯಾರದೂ ಅಲ್ಲದ ಒಂದು ಹಸಿ ಪಟ್ಟಿ; ಅದರಲ್ಲಿ ಹುಲಿಗೆಮ್ಮ ಸೊಪ್ಪು ಬೆಳೆಯುತ್ತಿದ್ದಳು. ಹೊನಗೊನ್ನೆ, ಪುದೀನ, ಕೆಸುವಿನೆಲೆ. ಗಂಡನಿಲ್ಲದ ಹೆಂಗಸು, ಎರಡು ಹೆಣ್ಣುಮಕ್ಕಳು. ಬುಟ್ಟಿ ಹೊತ್ತು ನಮ್ಮ ಓಣಿ ಸುತ್ತಿದರೆ ಆ ದಿನ ಅವಳ ಮನೆಯಲ್ಲಿ ಒಲೆ ಉರಿಯುತ್ತಿತ್ತು.

"ಟೀಚರಮ್ಮಾ, ಜಲ್ದಿ ಬರ್ರಿ! ನೀವು ತಲಿ ಬಾಚ್ಕೊಂಡು ಬರೋದ್ರಾಗ ಸೊಪ್ಪು ಬಾಡಿ ಹೋಗ್ತೈತಿ!"

ಸೊಪ್ಪು ನನಗೆ ಬೇಕಿತ್ತು, ಹಸಿ ಬೇಡವಾಗಿತ್ತು. ಗೋಡೆಗೆ ಬಳಿದ ಪೇಂಟು ಹಪ್ಪಳದ ಹಾಗೆ ಏಳುತ್ತಿತ್ತು. ಕಪ್ಪೆಗಳ ಗಲಾಟೆಯಲ್ಲಿ ನಮ್ಮವರಿಗೆ ರೇಡಿಯೋ ನ್ಯೂಸ್ ಕೇಳಿಸುತ್ತಿರಲಿಲ್ಲ. ಒಮ್ಮೆ ಬಚ್ಚಲಿಗೆ ನೀರುಹಾವು ಬಂತು. ಪಾಪ, ಅದು ನನಗಿಂತ ಹೆಚ್ಚು ಹೆದರಿತ್ತು. ಅಂದೇ ಕೂತು ಕಾಲುವೆ ಆಫೀಸಿಗೆ ಪಿಟಿಷನ್ ಬರೆದೆ. ಸೀಪೇಜ್, ವೇಸ್ಟೇಜ್, ಮೆನೇಸ್. ಮೆನೇಸ್ ಎಂಬ ಪದ ಮೂರು ಸಲ ಬಂದಿತ್ತು. ಓಣಿಯ ಮನೆಮನೆಗೂ ಹೋಗಿ ಸಹಿ ಹಾಕಿಸಿದೆ. ಕೊನೆಗೆ ಹುಲಿಗೆಮ್ಮ ಬುಟ್ಟಿ ಇಳಿಸಿದಾಗ ಅವಳ ಮುಂದೆಯೂ ಹಿಡಿದೆ.

"ಏನ್ ಬರದೀರ್ರಿ ಇದರಾಗ?"

"ಕಾಲುವೆಗೆ ಸಿಮೆಂಟು ಹಾಕ್ರಿ ಅಂತ. ನೀರು ಸುಮ್ನೆ ವೇಸ್ಟ್ ಆಗ್ತದಲ್ಲ, ಹುಲಿಗೆಮ್ಮ."

"ವೇಸ್ಟ್ ಎಲ್ಲಾಗ್ತೈತ್ರಿ? ನನ್ ಪುದೀನಕ್ಕ ಬರ್ತೈತಿ, ನಿಮ್ ಬಾವಿಗೆ ಹೋಗ್ತೈತಿ."

ನಾನು ನಕ್ಕೆ. ಹಿಂದಿನ ಬೆಂಚಿನಿಂದ ತಪ್ಪು ಉತ್ತರ ಬಂದಾಗ ನಾವು ಟೀಚರುಗಳು ನಗುವ ನಗೆ. "ಬಾವಿ ನೀರು ಬೇರೆ, ಕಾಲುವೆ ನೀರು ಬೇರೆ. ಸೈನ್ಸ್ ಹಂಗ ಹೇಳ್ತದ." ಸೈನ್ಸ್ ಹಾಗೆ ಹೇಳಿರಲಿಲ್ಲ. ನಾನು ಹೇಳಿದ್ದೆ.

"ಹಂಗಂದ್ರ ಆತು ಬಿಡ್ರಿ," ಎಂದು ಹೆಬ್ಬೆಟ್ಟು ಒತ್ತಿದಳು. ನಾನು ಅರ್ಜಿಯನ್ನು ಅವಳಿಗೆ ಓದಿ ಹೇಳಲಿಲ್ಲ.

ಅರ್ಜಿಗಳ ಮೇಲೆ ನಿದ್ದೆ ಮಾಡುವುದು ಆಫೀಸುಗಳ ಧರ್ಮ. ನನ್ನ ದುರದೃಷ್ಟಕ್ಕೆ ಅವರು ಆ ಒಂದು ಸಲ ಎಚ್ಚರವಾಗಿದ್ದರು. ಬೆಳೆ ಮುಗಿದು ಕಾಲುವೆ ನಿಲ್ಲಿಸಿದ ದಿನಗಳಲ್ಲಿ ಆಳುಗಳು ಬಂದು ಸಂದಿಗೊಂದಿ ಬಿಡದೆ ಸಿಮೆಂಟು ಮೆತ್ತಿದರು. ಓಣಿಯವರೆಲ್ಲ ನನಗೆ ಥ್ಯಾಂಕ್ಸ್ ಹೇಳಿದರು, ನಾನೂ ಧಾರಾಳವಾಗಿ ಸ್ವೀಕರಿಸಿದೆ.

ಮೊದಲ ಬೇಸಿಗೆಯಲ್ಲಿ ಬಾವಿಯ ಹಗ್ಗ ಸಾಲದಾಯಿತು. ಮರುವರ್ಷ ಕೊಡಕ್ಕೆ ಬರೀ ಕೆಸರು. ಕಪ್ಪೆಗಳು ಸುಮ್ಮನಾದವು, ನಮ್ಮವರಿಗೆ ನ್ಯೂಸ್ ಸ್ಪಷ್ಟವಾಗಿ ಕೇಳಿಸತೊಡಗಿತು, ಅದರಲ್ಲಿ ಒಂದೂ ಒಳ್ಳೆಯ ಸುದ್ದಿಯಿರಲಿಲ್ಲ. ಸೊಳ್ಳೆಗಳು ಮಾತ್ರ ಊರು ಬಿಡಲಿಲ್ಲ. ನಮ್ಮ ನೆಲದಡಿಯ ನೀರಿನ ಟ್ಯಾಂಕಿಗೆ ಶಿಫ್ಟ್ ಆಗಿ, ತಿನ್ನುವವರಿಲ್ಲದೆ ಸುಖವಾಗಿ ಬೆಳೆದವು. ಹಸಿಯಿಂದ ಹಾಳಾಗುತ್ತದೆ ಎಂದು ನಾನು ಹೆದರಿದ್ದ ಗೋಡೆಯ ಕಥೆ ಕೇಳಿ: ಇಷ್ಟು ವರ್ಷ ನೀರುಂಡು ಉಬ್ಬಿ ನಿಂತಿದ್ದ ಎರೆ ಮಣ್ಣು ಒಣಗಿ ಕುಗ್ಗಿತು, ಗೋಡೆ ಮೂಲೆಯಿಂದ ಕಿಟಕಿಯವರೆಗೆ ಸೀಳಿತು. ನಾನ್-ಲಿವಿಂಗ್ ಎಂದು ಬೋರ್ಡಿನ ಬಲಗಡೆ ಸುಮ್ಮನೆ ಕೂರಿಸಿದ್ದ ಮಣ್ಣು ಮನೆಯನ್ನೇ ಅಲ್ಲಾಡಿಸಿತ್ತು.

ಹುಲಿಗೆಮ್ಮನ ಪುದೀನ ಕಡ್ಡಿಯಾಯಿತು, ಅವಳು ಬರುವುದು ನಿಂತಿತು. ಮಕ್ಕಳನ್ನು ಕಟ್ಟಿಕೊಂಡು ಕಂಪ್ಲಿ ಕಡೆ ಭತ್ತದ ಗದ್ದೆಯಲ್ಲಿ ಕಳೆ ಕೀಳಲು ಹೋದಳೆಂದು ಯಾರೋ ಅಂದರು. ನಾನು ಹೆಚ್ಚು ವಿಚಾರಿಸಲಿಲ್ಲ. ಮಾರ್ಕೆಟ್ಟಿನಿಂದ ಸೊಪ್ಪು ತರಿಸಿ, ತಾಜಾ ಇಲ್ಲ ಎಂದು ಗೊಣಗುತ್ತ ಇಷ್ಟು ವರ್ಷ ಕಳೆದೆ.

ಹೋದ ತಿಂಗಳು ಬಸ್ ಸ್ಟ್ಯಾಂಡಿನಲ್ಲಿ ಕಂಪ್ಲಿ ಬಸ್ಸಿನಿಂದ ಇಳಿದವಳು ಅವಳೇ. ತಲೆ ಪೂರ್ತಿ ಬೆಳ್ಳಗೆ, ನನ್ನ ಹಾಗೆಯೇ. ಈಗ ಇಲ್ಲೇ ಕಿರಿ ಮಗಳ ಮನೆಯಲ್ಲಿದ್ದಾಳಂತೆ. ಮನೆಗೆ ಕರೆದುಕೊಂಡು ಬಂದು, ಚಹಾ ಕೊಟ್ಟು, ಹೇಳಿಬಿಟ್ಟೆ: "ಹುಲಿಗೆಮ್ಮ, ನಿನ್ನ ಸೊಪ್ಪು ಒಣಗಿಸಿದವಳು ನಾನು."

"ಅದೇನ್ ಗುಟ್ಟೇನ್ರಿ? ಊರಿಗೆಲ್ಲ ಗೊತ್ತೈತಿ!" ಎಂದು ನಕ್ಕಳು. ಆಮೇಲೆ ನಗು ನಿಲ್ಲಿಸಿ ಅಂದಳು: "ನೀರು ಎಲ್ಲಿ ಹೋಗ್ತೈತಿ ಅಂತ ನಾ ದಿನಾ ಕಣ್ಣಾರೆ ನೋಡ್ತಿದ್ದೆ. ಆದ್ರೂ ನೀವು ಕಲ್ತಾರು, ನನಗಿಂತ ಭಾಳ ಗೊತ್ತಿರ್ತೈತಿ ಅಂತ ಒತ್ತಿದೆ. ನಿಮ್ ಮ್ಯಾಲ ಸಿಟ್ಟಿಲ್ರಿ ಟೀಚರಮ್ಮ. ನನ್ ಮ್ಯಾಲ ಐತಿ."

ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ತಪ್ಪೊಪ್ಪಿಕೊಂಡರೆ ಹಗುರಾಗುತ್ತದೆ ಎಂದು ಕಾನ್ವೆಂಟಿನಲ್ಲಿ ಹೇಳಿಕೊಟ್ಟಿದ್ದರು. ಕೇಳಿಸಿಕೊಳ್ಳುವವರಿಗೆ ಆ ಟ್ರೇನಿಂಗ್ ಆಗಿರಬೇಕೆಂದು ಹೇಳಿರಲಿಲ್ಲ.

ಪತ್ರಿಕೆಗೆ ಕಳಿಸೋಣವೆಂದು ಇಷ್ಟನ್ನು ಬರೆದು ಮುಗಿಸಿದ ಮೇಲೆ ಲಕೋಟೆಗೆ ಹಾಕುವ ಧೈರ್ಯವಾಗಲಿಲ್ಲ. ಮಧ್ಯಾಹ್ನ ಅವಳನ್ನು ಕರೆಸಿ, ಮೊದಲ ಸಾಲಿನಿಂದ ಒಂದೂ ಬಿಡದೆ ಓದಿ ಹೇಳಿದೆ. ಕಣ್ಣು ಮುಚ್ಚಿ ಕೇಳಿದಳು. ನಿದ್ದೆ ಹೋದಳೇನೋ ಅಂದುಕೊಂಡೆ.

"ಒಂದು ಬಿಟ್ಟೀರಿ," ಅಂದಳು.

"ಏನು?"

"ಎರೆಹುಳ. ಕಪ್ಪಿ ಬರದೀರಿ, ಹಾವು ಬರದೀರಿ, ಎರೆಹುಳ ಎಲ್ಲೈತ್ರಿ? ಆ ಮಣ್ಣು ಹದ ಮಾಡ್ತಿದ್ದಾರು ಯಾರು, ನಿಮ್ ಸಿಸ್ಟರಾ?"

"ಆಯ್ತು, ಸೇರಿಸ್ತೀನಿ. ಎಲ್ಲಿ ಸೇರಿಸ್ಲಿ?"

"ಮಣ್ಣಾಗ ಸೇರಸ್ರಿ. ಅದು ಮತ್ತೆಲ್ಲಿರ್ತೈತಿ?"

ಸೇರಿಸಿದ್ದೇನೆ: ಆ ಹಸಿ ಪಟ್ಟಿಯ ಮಣ್ಣಿನಲ್ಲಿ ಎರೆಹುಳಗಳಿದ್ದವು, ಕೈ ಹಾಕಿದಲ್ಲೆಲ್ಲ ಇದ್ದವು. ಮತ್ತೊಮ್ಮೆ ಪೂರ್ತಿ ಓದಿದೆ. ಕಳಿಸಲೇ ಎಂದು ಕೇಳಿದ್ದಕ್ಕೆ ಹೂಂ ಅನ್ನಲಿಲ್ಲ. ಮನೆಗೆ ಹೋಗಿ ವಿಚಾರ ಮಾಡಿ, ನಾಳೆ ಹೇಳುತ್ತಾಳಂತೆ.