ಶೈಲಜಮ್ಮನ ಹಪ್ಪಳ, ಆಕಾಶದ ಸೆರಗು

ಲಿಫ್ಟ್ ರಿಪೇರಿ ಕಂಪನಿಯೊಂದರಲ್ಲಿ ಫೋನೆತ್ತಿ ದೂರು ಬರೆದುಕೊಳ್ಳುವುದು ನನ್ನ ಕೆಲಸ. ಮಧ್ಯಾಹ್ನದ ಪಾಳಿ. ದಿನಕ್ಕೆ ನಲವತ್ತು ಜನ ಲಿಫ್ಟು ತಾನಾಗಿಯೇ ನಿಂತಿತೆನ್ನುತ್ತಾರೆ. ನಾನು ಒಬ್ಬರನ್ನೂ ನಂಬುವುದಿಲ್ಲ. ಇಷ್ಟೇ ಅರ್ಹತೆಯ ಮೇಲೆ ನನ್ನನ್ನು ನಾನು ಪತ್ತೇದಾರ ಅಂದುಕೊಂಡಿದ್ದೆ. ಅದರಿಂದ ಶೈಲಜಮ್ಮನವರು ಮಹಡಿ ಕಳೆದುಕೊಳ್ಳುವುದರಲ್ಲಿದ್ದರು.

ಚಾಮರಾಜಪೇಟೆಯ ನಮ್ಮ ವಠಾರದ ಕೆಳಮನೆ ಅವರದು. ವಯಸ್ಸು ಐವತ್ತೆಂಟು. ಕೊರಳಲ್ಲಿ ಕರಡಿಗೆ, ಕೈಯಲ್ಲಿ ಸದಾ ಅಕ್ಕಿ ಹಿಟ್ಟು, ಮಾತು ಕಡಿಮೆ. ಹಪ್ಪಳ ಮಾಡಿ ಕಾಟನ್‌ಪೇಟೆಯ ಅಂಗಡಿಗಳಿಗೆ ಕೊಟ್ಟು, ಅದರಲ್ಲೇ ಮಗಳು ಶಿವರಂಜಿನಿಯನ್ನು ನರ್ಸಿಂಗ್ ಓದಿಸಿ ಮದುವೆ ಮಾಡಿಕೊಟ್ಟವರು. ಕೆಳಗೆ ಬಿಸಿಲೇ ಬೀಳುವುದಿಲ್ಲ. ಮಹಡಿಯಿಲ್ಲದಿದ್ದರೆ ಹಪ್ಪಳವಿಲ್ಲ, ಹಪ್ಪಳವಿಲ್ಲದಿದ್ದರೆ ಊಟವಿಲ್ಲ.

ಆಕಾಶಕ್ಕೆ ಸೆರಗು ಬಂದು ಮೂರು ವರ್ಷವಾಯಿತು. ಬಸವನಗುಡಿಯಿಂದ ಮಾರುಕಟ್ಟೆಯವರೆಗೆ, ಯಾರೋ ಒಣಹಾಕಿ ಮರೆತ ರೇಷ್ಮೆ ಸೀರೆಯಂತೆ ಅದು ತೂಗಾಡುತ್ತದೆ. ಬೆಳಿಗ್ಗೆ ಅರಿಶಿನ, ಬಿಸಿಲೇರಿದರೆ ಗಿಳಿಹಸಿರು. ಅಲ್ಲಿಯವರೆಗೆ ತೊಂದರೆಯಿಲ್ಲ. ಆದರೆ ವಾರಕ್ಕೊಂದೆರಡು ಸಲ ಹೇಳದೆ ಕೇಳದೆ ನೇರಳೆಗೆ ತಿರುಗುತ್ತದೆ. ಆಗ ಹರವಿದ್ದೆಲ್ಲ ಕ್ಷಣದಲ್ಲಿ ಒದ್ದೆಯಾಗಿ ಮುಗ್ಗಲು ವಾಸನೆ ಹೊಡೆಯುತ್ತದೆ. ಬಟ್ಟೆಯನ್ನಾದರೆ ಮತ್ತೆ ಒಗೆಯಬಹುದು, ಹಪ್ಪಳವನ್ನು ಎಸೆಯಬೇಕು. ಯಾಕೆ ಹೀಗೆಂದು ಯಾರಿಗೂ ಗೊತ್ತಿಲ್ಲ. ಗೊತ್ತಿಲ್ಲದ್ದರಿಂದ ಬೀದಿಯವರೆಲ್ಲ ಒಬ್ಬರನ್ನೊಬ್ಬರು ಓರೆಗಣ್ಣಿನಲ್ಲಿ ನೋಡುತ್ತಾರೆ.

ಎಲ್ಲರ ಓರೆಗಣ್ಣು ಕೊನೆಗೆ ನಿಂತದ್ದು ಶೈಲಜಮ್ಮನವರ ಮೇಲೆ. ಮೂರು ವರ್ಷದಲ್ಲಿ ಅವರ ಒಂದು ಹಪ್ಪಳವೂ ಕೆಟ್ಟಿರಲಿಲ್ಲ. ಓನರ್ ಶಿವರುದ್ರಪ್ಪನವರ ಮನೆಯ ಬಾಳಕದ ಮೆಣಸಿನಕಾಯಿಯೋ, ನಾಲ್ಕು ಸಲ ಬೂಷ್ಟು ಹಿಡಿದಿತ್ತು. ಒಂದು ಭಾನುವಾರ ಅವರು ಮಹಡಿ ಮೇಲಿರುವ ನನ್ನ ರೂಮಿಗೇ ಬಂದು ದನಿ ತಗ್ಗಿಸಿದರು.

"ಪ್ರಭುದೇವ, ನೀನು ಮೇಲೇ ಇರ್ತೀಯಲ್ಲ, ಸ್ವಲ್ಪ ಕಣ್ಣಿಟ್ಟಿರು. ಆ ಸೆರಗು ಆಯಮ್ಮನ ಮಾತು ಕೇಳುತ್ತೆ ಅಂತ ನನಗೆ ಡೌಟು. ಖಾತ್ರಿಯಾದ್ರೆ ಯುಗಾದಿಯಿಂದ ಮಹಡಿಗೆ ಬೀಗ."

ಬಾಡಿಗೆ ರೂಮಿನವನಿಗೆ ಓನರ್ ಜವಾಬ್ದಾರಿ ಕೊಟ್ಟರೆ ಎದೆ ಉಬ್ಬದಿರುತ್ತದೆಯೇ? ಹಲ್ಲುಜ್ಜುತ್ತ ಕಿಟಕಿಯ ಪರದೆಯ ಸಂದಿಯಲ್ಲಿ ಕಾದೆ. ಮೂರನೆಯ ದಿನ ಸಿಕ್ಕಿತು. ಶೈಲಜಮ್ಮ ಪಂಚೆಗಳ ಮೇಲೆ ಹಪ್ಪಳ ಹರವಿದರು. ಆಮೇಲೆ ಅತ್ತಿತ್ತ ನೋಡಿ, ರೂಪಾಯಿಯಗಲದ ಒಂದು ಪುಟ್ಟ ಹಪ್ಪಳವನ್ನು ಮೂಡಣ ಮೂಲೆಯ ಮೋಟುಗೋಡೆಯ ಮೇಲಿಟ್ಟು, ಮೇಲೆ ನೋಡಿ ತುಟಿ ಅಲುಗಿಸಿದರು. ಒಂಬತ್ತಕ್ಕೆ ಬಂದು ಅದನ್ನೊಮ್ಮೆ ನೋಡಿದವರೇ ಎಲ್ಲವನ್ನೂ ಎತ್ತಿಕೊಂಡು ಕೆಳಗಿಳಿದರು. ಒಂಬತ್ತೂವರೆಗೆ ಸೆರಗು ನೇರಳೆಯಾಯಿತು. ನಾನು ಪೇಸ್ಟು ನುಂಗಿಕೊಂಡೇ ಓಡಿ, ಆಯಮ್ಮ ಆಕಾಶಕ್ಕೆ ನೈವೇದ್ಯ ಇಡುತ್ತಾರೆಂದು ಓನರಿಗೆ ವರದಿ ಒಪ್ಪಿಸಿದೆ.

ಮರುದಿನ ಶೈಲಜಮ್ಮ ನನ್ನ ಬಾಗಿಲಲ್ಲಿ ನಿಂತಿದ್ದರು. ಬೀಗದ ಸುದ್ದಿ ಅವರಿಗೆ ಮುಟ್ಟಿತ್ತು. ಬೈಯಲಿಲ್ಲ. ಮೋಟುಗೋಡೆಯ ಹತ್ತಿರ ಕರೆದೊಯ್ದು ಪುಟ್ಟ ಹಪ್ಪಳ ತೋರಿಸಿದರು. ಅದರ ಅಂಚು ಸುತ್ತಲೂ ಮೇಲೆದ್ದಿತ್ತು. ಅಂಚು ಎದ್ದರೆ ದಿನವೆಲ್ಲ ಒಣಗುತ್ತದೆ. ಎದ್ದದ್ದು ಮತ್ತೆ ಮಲಗಿತೆಂದರೆ ಅರ್ಧ ಗಂಟೆಯಲ್ಲಿ ಸೆರಗು ತಿರುಗುತ್ತದೆ. ದೊಡ್ಡ ಹಪ್ಪಳಕ್ಕೆ ಗೊತ್ತಾಗುವಷ್ಟರಲ್ಲಿ ಹೊತ್ತು ಮೀರಿರುತ್ತದೆ, ಅದಕ್ಕೇ ಚಿಕ್ಕದು. ಇಷ್ಟೇ ಗುಟ್ಟು.

"ಮತ್ತೆ ತುಟಿ ಅಲುಗಿಸ್ತಿದ್ರಲ್ಲ?"

"ಒಂಟಿಯಾಗಿ ಕೆಲಸ ಮಾಡೋರು ಮಾತಾಡ್ಕೋತಾರಪ್ಪ. ನೀನು ಪರದೆ ಹಿಂದೆ ಮಾತಾಡ್ಕೊಳ್ಳಲ್ವಾ?"

ನಾಚಿಕೆಯಾಯಿತು. ಮಾಡಿದ್ದನ್ನು ಸರಿಪಡಿಸೋಣವೆಂದು ಶಿವರುದ್ರಪ್ಪನವರನ್ನು ದಿನವೂ ಮಹಡಿಗೆ ಕರೆತಂದೆ. ನಾಲ್ಕನೆಯ ದಿನ, ಅವರ ಕಣ್ಣೆದುರೇ ಅಂಚು ಮಲಗಿತು. ಶೈಲಜಮ್ಮ ಹಪ್ಪಳ ಎತ್ತಿದರು. ಸೆರಗು ತಿರುಗಿತು. ನಾನು ಗೆದ್ದವನಂತೆ ಓನರ್ ಮುಖ ನೋಡಿದೆ.

"ನೋಡಿದ್ಯಾ? ಇವಳು ಎತ್ತಿದ್ಲು, ಅದು ತಿರುಗ್ತು. ನಿನಗೆಷ್ಟು ಹಪ್ಪಳ ಕೊಟ್ಲು?" ಎಂದರು ಅವರು.

ಯುಗಾದಿಗೆ ಇನ್ನು ಐದೇ ದಿನ. ಶೈಲಜಮ್ಮ ಇಬ್ಬರನ್ನೂ ನೋಡಿದರು, ಹಪ್ಪಳದ ಗಂಟು ಹೊತ್ತು ಕೆಳಗಿಳಿದರು.

ಹಬ್ಬದ ಹಿಂದಿನ ಗುರುವಾರ ಶೈಲಜಮ್ಮ ಮಹಡಿಯ ತುಂಬ ಎಂಟು ಪಂಚೆ ಹರವಿದ್ದರು. ಅಷ್ಟು ಹಪ್ಪಳವನ್ನು ನಾನು ಒಟ್ಟಿಗೆ ನೋಡಿರಲಿಲ್ಲ. ಒಂಬತ್ತಕ್ಕೆ ಹೋಗಿ ನೋಡಿದರೆ ಪುಟ್ಟದರ ಅಂಚು ಮಲಗಿದೆ. ಅವರೂ ಬಂದು ನೋಡಿದರು; ಹೋಗಿ ನೀರಿನ ಟ್ಯಾಂಕಿನ ನೆರಳಲ್ಲಿ ಕಾಲು ಚಾಚಿ ಕೂತರು. ನಾನು ಪಂಚೆಗೆ ಕೈ ಹಾಕಿದೆ.

"ಮುಟ್ಟಬೇಡ. ಸುಮ್ನೆ ಕೂತ್ಕೋ."

ಕೂತೆ. ಹಸಿರು ಕದಡಿ, ತುದಿಯಿಂದ ನೇರಳೆ ಇಳಿಯಿತು. ಗಾಳಿ ನಿಂತಿತು. ಎಂಟು ಪಂಚೆಯ ಹಪ್ಪಳಗಳು ನಮ್ಮೆದುರೇ ಬೆವರಿ, ಮೆತ್ತಗಾಗಿ, ಒಂದಕ್ಕೊಂದು ಅಂಟಿಕೊಂಡವು. ಅವರ ಮೂರು ದಿನದ ಕೆಲಸ. ಬಟ್ಟೆ ತೆಗೆಯಲು ಓಡಿಬಂದವರೆಲ್ಲ ನೋಡಿ ನಿಂತರು. ಓನರ್ ಹೆಂಡತಿ ಶೈಲಜಮ್ಮನ ಪಕ್ಕ ಕೂತು ಹೆಗಲು ಸವರಿದರು. ಶಿವರುದ್ರಪ್ಪ ಒಂದು ಹಪ್ಪಳ ಎತ್ತಿ ಮೂಸಿದರು. ಮುಗ್ಗಲು ವಾಸನೆ ಅವರಿಗೆ ಹಿತವಾದಂತಿತ್ತು.

"ಹೋಗ್ಲಿ ಬಿಡಮ್ಮ, ಎಲ್ಲರ ಮನೇಲೂ ಆಗೋದೇ. ಬೀಗ ಗೀಗ ಏನೂ ಇಲ್ಲ, ನಾಳೆಯಿಂದ ಮತ್ತೆ ಹರವ್ಕೋ."

ಎಲ್ಲರೂ ಇಳಿದ ಮೇಲೆ ಪಂಚೆಗಂಟಿದ ಹಿಟ್ಟನ್ನು ಇಬ್ಬರೂ ಕೆರೆದು ಬಕೆಟ್ಟಿಗೆ ಹಾಕಿದೆವು.

"ಎರಡು ತಿಂಗಳಿಗೊಂದ್ಸಲ ಹೀಗೆ ಕೆಡಿಸಿದ್ರೆ ಸಾಕು, ಆಮೇಲೆ ಯಾರೂ ಕೇಳಲ್ಲ," ಎಂದರು ಶೈಲಜಮ್ಮ. ಮತ್ತೆ ಕೈ ನಿಲ್ಲಿಸಿ, "ಇದನ್ನೂ ಹೋಗಿ ಹೇಳ್ಬಿಡ್ತೀಯೇನಪ್ಪ?"

ಇಲ್ಲವೆಂದೆ. ಅವರು ನನ್ನ ಮುಖವನ್ನು ಸ್ವಲ್ಪ ಹೊತ್ತು ನೋಡಿದರು. ನಂಬಿದಂತೆ ಕಾಣಲಿಲ್ಲ.